ಲೇನಾ ಓಲಿನ್ ಯಾಕೆ ದೊಡ್ಡ ಸ್ಟಾರ್ ಆಗಲಿಲ್ಲ? ಪ್ರಶ್ನೆಯೇ ತಪ್ಪು

ಸ್ವೀಡನ್ನಿನ ನಟಿ ಲೇನಾ ಓಲಿನ್ ಅವರ ಸಿನಿಮಾ ಪಟ್ಟಿ ತೆಗೆದು ಕೂತರೆ ಯಾವುದಕ್ಕೂ ಯಾವುದಕ್ಕೂ ಸಂಬಂಧವೇ ಇಲ್ಲ ಅನ್ನಿಸುತ್ತದೆ. ಸ್ವೀಡನ್ನಿನ ಹೆಸರಾಂತ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಚಿತ್ರಗಳಿವೆ. ರಾಬರ್ಟ್ ರೆಡ್‌ಫೋರ್ಡ್ ಎದುರು ನಾಯಕಿಯಾದ ದುಬಾರಿ ಹಾಲಿವುಡ್ ಚಿತ್ರವಿದೆ. ನಿರ್ದೇಶಕರಲ್ಲಿ ಸಿಡ್ನಿ ಲೂಮೆಟ್, ರೊಮಾನ್ ಪೊಲಾನ್‌ಸ್ಕಿ ಇದ್ದಾರೆ. ಇವುಗಳ ಮಧ್ಯೆಯೇ ಸೂಪರ್‌ಹೀರೊಗಳನ್ನು ಗೇಲಿ ಮಾಡುವ ಕಾಮಿಡಿ, ವ್ಯಾಂಪೈರ್ ಸಿನಿಮಾ, ಅಮೆರಿಕದ ಗೂಢಚಾರಿ ಸೀರಿಯಲ್, ಸ್ವೀಡನ್ನಿನ ಒಂದು ಸಿಟ್‌ಕಾಂ! ಬೆನ್ನುಬೆನ್ನಿಗೆ ಬಂದ ಎರಡು ಚಿತ್ರಗಳಿಗೆ ಒಂದು ಗೋಲ್ಡನ್ ಗ್ಲೋಬ್ ನಾಮನಿರ್ದೇಶನ, ಒಂದು ಆಸ್ಕರ್ ನಾಮನಿರ್ದೇಶನ. ಆಮೇಲೆ ಹತ್ತು ವರ್ಷ ಕಳೆಯುವಷ್ಟರಲ್ಲಿ ಬೇರೆಯವರ ಚಿತ್ರಗಳಲ್ಲಿ ಪೋಷಕ ಪಾತ್ರ.

ಇದಕ್ಕೆ ಜನ ಸಾಮಾನ್ಯವಾಗಿ ಹೇಳುವ ಕಥೆ ಒಂದಿದೆ. ಯುರೋಪಿನಿಂದ ಪ್ರತಿಭಾವಂತೆ ಬಂದಳು, ಹಾಲಿವುಡ್ ಬಾಗಿಲು ತೆರೆಯಿತು, ಒಂದು ದೊಡ್ಡ ಸಿನಿಮಾ ಸೋತಿತು, ಬಾಗಿಲು ಮುಚ್ಚಿತು. ಕೇಳಲು ಚೆನ್ನಾಗಿದೆ. ಆದರೆ ಈ ಕಥೆ ಆಕೆಯನ್ನು ಲಾಸ್ ಏಂಜಲೀಸ್‌ನಲ್ಲಿ ನಿಂತು ನೋಡುತ್ತದೆ. ಸ್ಟಾಕ್‌ಹೋಮ್‌ನಲ್ಲಿ ನಿಂತು ನೋಡಿದರೆ ಇದೇ ಪಟ್ಟಿ ಬೇರೆ ಥರ ಕಾಣುತ್ತದೆ. ಅಲ್ಲಿಂದ ಕಾಣುವುದು ಒಬ್ಬ ತಂಡದ ನಟಿ. ಇವತ್ತು ರಾಜಕುಮಾರಿ, ನಾಳೆ ಮನೆಗೆಲಸದವಳು, ಎರಡಕ್ಕೂ ಒಂದೇ ಶ್ರದ್ಧೆ. ಹಾಗಾಗಿ ಮೊದಲು ಸ್ಟಾಕ್‌ಹೋಮ್‌ಗೆ ಹೋಗೋಣ.

ಲೇನಾ ಹುಟ್ಟಿದ್ದು 1955ರ ಮಾರ್ಚ್ 22ರಂದು, ಅದೇ ಊರಲ್ಲಿ. ಮೂವರು ಮಕ್ಕಳಲ್ಲಿ ಕೊನೆಯವರು. ತಾಯಿ ಬ್ರಿಟ್ಟಾ ಹೋಲ್ಮ್‌ಬರ್ಗ್ ನಟಿ. ತಂದೆ ಸ್ಟಿಗ್ ಓಲಿನ್ ನಟ, ನಿರ್ದೇಶಕ, ಜತೆಗೆ ಹಾಡು ಬರೆದು ರಾಗ ಹಾಕುತ್ತಿದ್ದವರು. ಅಣ್ಣ ಮಾಟ್ಸ್ ಓಲಿನ್ ಗಾಯಕ. ಅಂದರೆ ನಟನೆ, ಹಾಡು ಎಲ್ಲ ಮನೆಯವರೇ ಮಾಡುತ್ತಿದ್ದ ಕೆಲಸ.

ಸ್ಟಿಗ್ ಓಲಿನ್ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು, ಯಾಕೆಂದರೆ ಮಗಳ ದಾರಿಗೆ ಅದು ಬೇಕು. ಬರ್ಗ್‌ಮನ್ ಇನ್ನೂ ಯಾರಿಗೂ ಗೊತ್ತಿಲ್ಲದ ಹುಡುಗನಾಗಿದ್ದಾಗಿನಿಂದ ಸ್ಟಿಗ್ ಅವರ ಜತೆಗಿದ್ದರು. 1944ರಲ್ಲಿ ಬರ್ಗ್‌ಮನ್ ಬರೆದ ಮೊದಲ ಚಿತ್ರಕಥೆ 'ಟಾರ್ಮೆಂಟ್' ತೆರೆಗೆ ಬಂತು, ಅದರಲ್ಲಿ ಸ್ಟಿಗ್ ಇದ್ದಾರೆ. 1946ರಲ್ಲಿ ಬರ್ಗ್‌ಮನ್ ಮೊದಲ ಸಲ ನಿರ್ದೇಶಿಸಿದ 'ಕ್ರೈಸಿಸ್' ಚಿತ್ರದಲ್ಲೂ ಇದ್ದಾರೆ. 1950ರ 'ಟು ಜಾಯ್' ಚಿತ್ರದಲ್ಲಿ ಅವರೇ ನಾಯಕ.

ಆ 'ಟು ಜಾಯ್' ಕಥೆ ಕೇಳಿ. ಆರ್ಕೆಸ್ಟ್ರಾದಲ್ಲಿ ಪಿಟೀಲು ನುಡಿಸುವ ಯುವಕನೊಬ್ಬ. ಗುಂಪಿನಲ್ಲಿ ಗೋವಿಂದ ಅಂತ ಕೂರಲು ಅವನಿಗೆ ಇಷ್ಟವಿಲ್ಲ, ಒಂಟಿಯಾಗಿ ಮುಂದೆ ನಿಂತು ನುಡಿಸಬೇಕು, ಹೆಸರು ಮಾಡಬೇಕು. ಕೊನೆಗೂ ಅವಕಾಶ ಸಿಗುತ್ತದೆ. ಎಲ್ಲರೆದುರು ಮೆಂಡೆಲ್ಸನ್ ಕಾನ್ಸರ್ಟೊ ನುಡಿಸಲು ಹೋಗಿ ಎಡವುತ್ತಾನೆ. ಮತ್ತೆ ಬಂದು ಆರ್ಕೆಸ್ಟ್ರಾದ ತನ್ನ ಕುರ್ಚಿಯಲ್ಲೇ ಕೂರಬೇಕು. ಚಿತ್ರ ಮುಗಿಯುವುದು ಅದೇ ಕುರ್ಚಿಯಲ್ಲಿ, ಬೀಥೋವನ್‌ನ ಒಂಬತ್ತನೇ ಸಿಂಫನಿಯ ರಿಹರ್ಸಲ್‌ನಲ್ಲಿ. ಗುಂಪಿನ ಮಧ್ಯೆ ಕೂತು ಚೆನ್ನಾಗಿ ನುಡಿಸುವುದು ಸೋತವರ ಕೆಲಸವೇನಲ್ಲ ಅನ್ನುವುದು ಅವನಿಗೆ ಅರಿವಾಗುವ ಹೊತ್ತು ಅದು. ಲೇನಾ ಹುಟ್ಟುವುದಕ್ಕೆ ಐದು ವರ್ಷ ಮೊದಲಿನ ಚಿತ್ರ ಇದು. ಆಕೆಯ ವೃತ್ತಿಜೀವನಕ್ಕೆ ಇದಕ್ಕಿಂತ ಒಳ್ಳೆಯ ಮುನ್ನುಡಿ ನನಗಂತೂ ಸಿಕ್ಕಿಲ್ಲ.

ಹಾಗಂತ ಮಗಳು ನೇರವಾಗಿ ರಂಗಕ್ಕೆ ಹಾರಲಿಲ್ಲ. ಬದಲಿ ಟೀಚರ್ ಆಗಿ ಕೆಲಸ ಮಾಡಿದರು, ಆಸ್ಪತ್ರೆಯಲ್ಲಿ ಸಹಾಯಕಿಯಾಗಿ ದುಡಿದರು. 1974ರಲ್ಲಿ ಹೆಲ್ಸಿಂಕಿಯಲ್ಲಿ ನಡೆದ ಸ್ಪರ್ಧೆಯಲ್ಲಿ ಮಿಸ್ ಸ್ಕ್ಯಾಂಡಿನೇವಿಯಾ ಕಿರೀಟ ಗೆದ್ದರು. ಇಷ್ಟಿದ್ದರೆ ನೇರ ಸಿನಿಮಾಗೆ ಹೋಗಬಹುದಿತ್ತು ಅಲ್ವಾ? ಚೆಂದದ ಮುಖ, ಕಿರೀಟ, ಅಪ್ಪನ ಹೆಸರು. 1976ರ 'ಫೇಸ್ ಟು ಫೇಸ್' ಚಿತ್ರದಲ್ಲಿ ಬರ್ಗ್‌ಮನ್ ಒಂದು ಚೂರು ಪಾತ್ರವನ್ನೂ ಕೊಟ್ಟರು. ಆದರೆ ಆಕೆ ಅದೇ ವರ್ಷ ಸ್ಟಾಕ್‌ಹೋಮ್‌ನ ಸರ್ಕಾರಿ ನಟನಾ ಶಾಲೆ ಸೇರಿಕೊಂಡು 1979ರವರೆಗೆ ಕೂತು ಕಲಿತರು. ಅಲ್ಲಿಂದ ಹೊರಬಂದು ಡ್ರಾಮಾಟೆನ್ ಸೇರಿದರು.

ಡ್ರಾಮಾಟೆನ್ ಅಂದರೆ ಏನು ಅಂತ ಗೊತ್ತಿಲ್ಲದೆ ಮುಂದಿನದು ಅರ್ಥವಾಗುವುದಿಲ್ಲ. ಅದು ಸ್ವೀಡನ್ನಿನ ರಾಯಲ್ ಡ್ರಮ್ಯಾಟಿಕ್ ಥಿಯೇಟರ್. ಮೂರನೇ ಗುಸ್ತಾವ್ ದೊರೆ 1788ರಲ್ಲಿ ಸ್ಥಾಪಿಸಿದ್ದು. ನೀಬ್ರೂಪ್ಲಾನ್ ಚೌಕದಲ್ಲಿರುವ ಈಗಿನ ಕಟ್ಟಡ 1908ರದು. ಸರ್ಕಾರದ ದುಡ್ಡಿನಲ್ಲಿ ನಡೆಯುವ ಸಂಸ್ಥೆ, ಕಾಯಂ ತಂಡ, ನಟರಿಗೆ ಸಂಬಳ. ಒಂದೇ ನಾಟಕವನ್ನು ಜನ ಬರುವವರೆಗೂ ಎಳೆಯುವ ಪದ್ಧತಿ ಅಲ್ಲಿಲ್ಲ. ಹಲವು ನಾಟಕಗಳು ಸರದಿಯ ಮೇಲೆ ನಡೆಯುತ್ತವೆ. ಬೆಳಗ್ಗೆ ಮುಂದಿನ ನಾಟಕದ ರಿಹರ್ಸಲ್, ಸಂಜೆ ಈಗ ನಡೆಯುತ್ತಿರುವ ನಾಟಕದ ಪ್ರದರ್ಶನ. ಒಂದರಲ್ಲಿ ನಾಯಕಿಯಾದವಳು ಇನ್ನೊಂದರಲ್ಲಿ ತಟ್ಟೆ ಹಿಡಿದು ಬಂದು ಹೋಗಬಹುದು. ಯಾರೂ ಅದನ್ನು ಅವಮಾನ ಅಂದುಕೊಳ್ಳುವುದಿಲ್ಲ.

ಸಿನಿಮಾಗೂ ಈ ರಂಗಭೂಮಿಗೂ ಅಲ್ಲಿ ಹಳೆಯ ನಂಟು. ರಂಗಮಂದಿರಗಳು ಬೇಸಿಗೆಯಲ್ಲಿ ಬಾಗಿಲು ಹಾಕುತ್ತವೆ. ನಟರು ಬಿಡುವಾಗುತ್ತಾರೆ. ಉತ್ತರದ ದೇಶವಾದ್ದರಿಂದ ಬೇಸಿಗೆಯಲ್ಲಿ ಬೆಳಕೂ ಜಾಸ್ತಿ ಹೊತ್ತು ಇರುತ್ತದೆ. 1950ರ ದಶಕದಲ್ಲಿ ಬರ್ಗ್‌ಮನ್ ಚಳಿಗಾಲದಲ್ಲಿ ಮಾಲ್ಮೋ ನಗರದ ರಂಗಮಂದಿರದಲ್ಲಿ ನಾಟಕ ಆಡಿಸಿ, ಬೇಸಿಗೆಯಲ್ಲಿ ಅದೇ ನಟರನ್ನು ಕಟ್ಟಿಕೊಂಡು ಸಿನಿಮಾ ತೆಗೆಯುತ್ತಿದ್ದರು. ಜಗತ್ತು 'ಬರ್ಗ್‌ಮನ್ ನಟರು' ಅಂತ ಬೆರಗಾಗುವ ಆ ಗುಂಪು ಹುಟ್ಟಿದ್ದೇ ಹೀಗೆ. ಒಬ್ಬರ ಉಸಿರು ಇನ್ನೊಬ್ಬರಿಗೆ ಗೊತ್ತಿರುವ ಜನ ಕ್ಯಾಮೆರಾ ಎದುರು ನಿಂತರೆ ಬೇರೆಯದೇ ನಟನೆ ಬರುತ್ತದೆ.

ಇಲ್ಲಿ ಇನ್ನೊಂದು ವಿಷಯ ಹೇಳಿಬಿಡುತ್ತೇನೆ. ಗ್ರೇಟಾ ಗಾರ್ಬೊ, ಇಂಗ್ರಿಡ್ ಬರ್ಗ್‌ಮನ್ ಇಬ್ಬರೂ ಡ್ರಾಮಾಟೆನ್‌ನ ಶಾಲೆಯಲ್ಲೇ ಕಲಿಯಲು ಕೂತವರು. ಗಾರ್ಬೊ 1922ರಲ್ಲಿ, ಇಂಗ್ರಿಡ್ 1933ರಲ್ಲಿ. ಇಬ್ಬರನ್ನೂ ಬಲುಬೇಗ ಸಿನಿಮಾ ಎಳೆದುಕೊಂಡಿತು. ಇಂಗ್ರಿಡ್ ಅಂತೂ ಒಂದೇ ವರ್ಷಕ್ಕೆ ಶಾಲೆ ಬಿಟ್ಟರು. ಆಮೇಲೆ ಅವರು ಜಗತ್ತಿನ ಸ್ಟಾರ್‌ಗಳಾದರು. ಲೇನಾ ಓಲಿನ್ ಕಾಲಕ್ಕೆ ಶಾಲೆ ಡ್ರಾಮಾಟೆನ್‌ನಿಂದ ಬೇರೆಯಾಗಿತ್ತು. ಅದನ್ನು ಪೂರ್ತಿ ಮುಗಿಸಿ, 1980ರಿಂದ 1994ರವರೆಗೆ, ಅಂದರೆ ಹದಿನಾಲ್ಕು ವರ್ಷ, ಆಕೆ ಡ್ರಾಮಾಟೆನ್ ತಂಡದಲ್ಲಿದ್ದರು. ಹಾಲಿವುಡ್‌ನ ಅತಿ ದೊಡ್ಡ ಅವಕಾಶಗಳು ಬಂದದ್ದೂ ಈ ಹದಿನಾಲ್ಕು ವರ್ಷದ ಒಳಗೇ. ಸ್ಟಾರ್ ಆಗಲು ಹೊರಟವರು ಇಷ್ಟು ವರ್ಷ ಸಂಬಳದ ರಂಗಭೂಮಿಯಲ್ಲಿ ಇರುತ್ತಾರಾ?

ಆಕೆ ತಂಡ ಸೇರಿದಾಗ ಬರ್ಗ್‌ಮನ್ ಊರಲ್ಲಿ ಇರಲಿಲ್ಲ. 1976ರ ಜನವರಿ 30ರಂದು ಡ್ರಾಮಾಟೆನ್‌ನಲ್ಲಿ ರಿಹರ್ಸಲ್ ನಡೆಯುತ್ತಿರುವಾಗಲೇ ಮಫ್ತಿ ಪೊಲೀಸರು ಬಂದು ತೆರಿಗೆ ವಂಚನೆಯ ಆರೋಪದ ಮೇಲೆ ಅವರನ್ನು ಕರೆದುಕೊಂಡು ಹೋಗಿದ್ದರು. ಆರೋಪ ಆಮೇಲೆ ಬಿದ್ದುಹೋಯಿತು. ಆದರೆ ಮನುಷ್ಯ ಕುಸಿದುಹೋಗಿದ್ದರು. ದೇಶ ಬಿಟ್ಟು ಜರ್ಮನಿಯ ಮ್ಯೂನಿಕ್‌ಗೆ ಹೋದರು. ಹಳೆಯ ರಂಗಮಂದಿರಕ್ಕೆ ಮತ್ತೆ ನಾಟಕ ಆಡಿಸಲು ಬಂದದ್ದು 1984ರಲ್ಲಿ, ಶೇಕ್ಸ್‌ಪಿಯರ್‌ನ 'ಕಿಂಗ್ ಲಿಯರ್' ಜತೆ. ಲಿಯರ್ ದೊರೆಯಾಗಿ ಯಾರ್ಲ್ ಕುಲ್ಲೆ. ಅವನ ಕಿರಿಯ ಮಗಳು ಕಾರ್ಡೀಲಿಯಾ ಆಗಿ ಲೇನಾ ಓಲಿನ್. ಅದಕ್ಕೆ ಮುಂಚೆ 'ಫ್ಯಾನಿ ಅಂಡ್ ಅಲೆಕ್ಸಾಂಡರ್' ಚಿತ್ರದಲ್ಲಿ ಆಕೆಗೆ ಸಿಕ್ಕಿದ್ದು ಮನೆಯ ಆಳಿನ ಸಣ್ಣ ಪಾತ್ರ.

ಅದೇ 1984ರಲ್ಲಿ ಬಂದ ಬರ್ಗ್‌ಮನ್‌ರ ಟಿವಿ ಚಿತ್ರ 'ಆಫ್ಟರ್ ದಿ ರಿಹರ್ಸಲ್'. ಎಪ್ಪತ್ತು ನಿಮಿಷ ಚಿಲ್ಲರೆಯ ಚಿತ್ರ. ಲೇನಾ ಏನು ಮಾಡಬಲ್ಲರು ಅಂತ ಪೂರ್ತಿ ಕಾಣುವುದು ಇಲ್ಲಿ. ಹಾಗಾಗಿ ಇದರ ಮುಂದೆ ಸ್ವಲ್ಪ ಹೊತ್ತು ಕೂರೋಣ.

ರಿಹರ್ಸಲ್ ಮುಗಿದಿದೆ. ರಂಗದ ಮೇಲೆ ಹಳೆಯ ನಾಟಕಗಳ ಕುರ್ಚಿ, ಸೋಫಾ, ಮೇಜು. ವಯಸ್ಸಾದ ನಿರ್ದೇಶಕ ಹೆನ್ರಿಕ್ ವೋಗ್ಲರ್ ಮೇಜಿಗೆ ತಲೆ ಆನಿಸಿ ಮಲಗಿದ್ದಾನೆ. ಈ ಪಾತ್ರ ಎರ್ಲಂಡ್ ಯೋಸೆಫ್‌ಸನ್ ಅವರದು. ಯುವ ನಟಿ ಆನ್ನಾ ಬರುತ್ತಾಳೆ, ಇದು ಲೇನಾ ಪಾತ್ರ. ಬಳೆ ಕಳೆದುಹೋಗಿದೆ, ಹುಡುಕುತ್ತಿದ್ದೇನೆ ಅನ್ನುತ್ತಾಳೆ. ಬಳೆ ಸುಮ್ನೆ ನೆಪ. ಅವಳ ಅಪ್ಪ ಅಮ್ಮ ಇಬ್ಬರೂ ನಟರು. ಅಮ್ಮ ರಾಕೆಲ್ ಒಂದು ಕಾಲದಲ್ಲಿ ಈ ಮುದುಕನ ಪ್ರೇಯಸಿ, ಕುಡಿತದಿಂದ ಹಾಳಾದವಳು, ಈಗ ಇಲ್ಲ. ಅಮ್ಮನನ್ನು ದ್ವೇಷಿಸುತ್ತೇನೆ ಅಂತ ಆನ್ನಾ ಹೇಳುತ್ತಾಳೆ. ಆನ್ನಾಳನ್ನು ಅವಳು ಮಗುವಾಗಿದ್ದಾಗಿನಿಂದ ನೋಡಿದ ನಿರ್ದೇಶಕ ಈಗ ಅವಳಿಗೆ ಮುಖ್ಯ ಪಾತ್ರ ಕೊಟ್ಟಿದ್ದಾನೆ.

ಈಗ ಕ್ಯಾಮೆರಾದ ಈಚೆ ನೋಡಿ. ಕ್ಯಾಮೆರಾ ಮುಂದೆ ಇರುವ ಹುಡುಗಿಯೂ ನಟ-ನಟಿಯ ಮಗಳು. ಅವಳ ಅಪ್ಪ ಈ ನಿರ್ದೇಶಕನ ಮೊದಲ ಚಿತ್ರದಿಂದ ಜತೆಗಿದ್ದವನು. ಬರ್ಗ್‌ಮನ್ ಇಂಥ ಆಟಗಳನ್ನು ಗೊತ್ತಿದ್ದೇ ಆಡುವ ಮನುಷ್ಯ.

ಚಿತ್ರದ ನಡುವೆ ರಾಕೆಲ್ ಬರುತ್ತಾಳೆ, ಮುದುಕನ ನೆನಪಿನೊಳಗಿಂದ. ಇಂಗ್ರಿಡ್ ಥೂಲಿನ್ ಆ ಪಾತ್ರದಲ್ಲಿ ಅಬ್ಬರಿಸುತ್ತಾರೆ, ಬೇಡುತ್ತಾರೆ, ಬಯ್ಯುತ್ತಾರೆ. ಅಷ್ಟು ಹೊತ್ತೂ ಆನ್ನಾ ಸೋಫಾ ಮೇಲೆ ಅಲ್ಲಾಡದೆ ಕೂತಿರುತ್ತಾಳೆ. ಕೆಲವು ಶಾಟ್‌ಗಳಲ್ಲಿ ಅವಳ ಜಾಗದಲ್ಲಿ ಒಬ್ಬ ಪುಟ್ಟ ಹುಡುಗಿ ಕೂತಿರುತ್ತಾಳೆ, ಬಾಲ್ಯದ ಆನ್ನಾ. ಮಾತಿಲ್ಲ, ಮೈ ಅಲುಗುವುದಿಲ್ಲ. ಆದರೂ ಅಮ್ಮ ಹೋದ ಮೇಲೆ ಮತ್ತೆ ಬಾಯಿ ತೆರೆಯುವ ಆನ್ನಾ ಮೊದಲಿನವಳಾಗಿ ಕಾಣುವುದಿಲ್ಲ. ಕೊನೆಗೆ ಮುದುಕ, ಹುಡುಗಿ ಇಬ್ಬರೂ ಸೇರಿ ತಮ್ಮ ನಡುವೆ ನಡೆಯಬಹುದಾದ ಒಂದು ಪ್ರೇಮವನ್ನು ಬರೀ ಮಾತಲ್ಲಿ ಕಟ್ಟುತ್ತಾರೆ. ಹೇಗೆ ಶುರುವಾಗುತ್ತದೆ, ಎಲ್ಲಿ ಹೊಟ್ಟೆಕಿಚ್ಚು ಬರುತ್ತದೆ, ಹೇಗೆ ಮುರಿಯುತ್ತದೆ, ಎಲ್ಲ. ಕೆಲವೇ ನಿಮಿಷದಲ್ಲಿ ಪ್ರೇಮ ಹುಟ್ಟಿ ಸತ್ತೂ ಹೋಗುತ್ತದೆ, ಯಾರೂ ಯಾರನ್ನೂ ಮುಟ್ಟಿರುವುದಿಲ್ಲ. ಲೇನಾ ಮುಖದಲ್ಲಿ ಆಗ ಏಕಕಾಲಕ್ಕೆ ಆಟವೂ ಕಾಣುತ್ತದೆ, ನಿಜವಾದ ನೋವೂ ಕಾಣುತ್ತದೆ. ಎದುರು ಕೂತವನಿಗೆ ಪೂರ್ತಿ ಕಿವಿ ಕೊಡುವುದು, ಅವನ ಮಾತಿನಿಂದ ತನ್ನ ಮಾತು ಹುಟ್ಟಿಸುವುದು. ತಂಡದಲ್ಲಿ ಬೆಳೆದವರಿಗೆ ಮಾತ್ರ ಬರುವ ವಿದ್ಯೆ ಇದು.

ಆನ್ನಾ ಮತ್ತು ವೋಗ್ಲರ್ ರಿಹರ್ಸಲ್ ಮಾಡುತ್ತಿದ್ದ ನಾಟಕ ಯಾವುದು ಗೊತ್ತಾ? ಸ್ವೀಡನ್ನಿನ ನಾಟಕಕಾರ ಆಗಸ್ಟ್ ಸ್ಟ್ರಿಂಡ್‌ಬರ್ಗ್‌ನ 'ಎ ಡ್ರೀಮ್ ಪ್ಲೇ'. 1901ರಲ್ಲಿ ಬರೆದದ್ದು, 1907ರಲ್ಲಿ ಮೊದಲು ರಂಗಕ್ಕೆ ಬಂದದ್ದು. ಅದರ ನಾಯಕಿ ಬೇರೆ ಯಾರೂ ಅಲ್ಲ, ನಮ್ಮ ದೇವೇಂದ್ರನ ಮಗಳು! ಇಂದ್ರನ ಮಗಳು ಭೂಮಿಗಿಳಿದು, ಆಗ್ನೆಸ್ ಎಂಬ ಹೆಣ್ಣಾಗಿ ಬದುಕಿ, ಮನುಷ್ಯರ ಪಾಡು ನೋಡುತ್ತಾಳೆ. 'ಅಯ್ಯೋ ಪಾಪ, ಮನುಷ್ಯರು' ಅನ್ನುವ ಅರ್ಥದ ಮಾತು ಅವಳ ಬಾಯಲ್ಲಿ ಮತ್ತೆ ಮತ್ತೆ ಬರುತ್ತದೆ. ಸ್ಟ್ರಿಂಡ್‌ಬರ್ಗ್ ಆಗ ಭಾರತದ ಪುರಾಣ, ತತ್ವಗಳನ್ನು ತನಗೆ ತೋಚಿದ ಹಾಗೆ ಓದಿಕೊಂಡಿದ್ದ. ನಮ್ಮ ಪುರಾಣ ಗೊತ್ತಿದ್ದವರಿಗೆ ಆ ಇಂದ್ರ ಸ್ವಲ್ಪ ವಿಚಿತ್ರವಾಗಿಯೇ ಕಾಣುತ್ತಾನೆ, ಇರಲಿ. ಸಿನಿಮಾದಲ್ಲಿ ಇಂದ್ರನ ಮಗಳ ಪಾತ್ರಕ್ಕೆ ತಯಾರಾಗುವ ನಟಿಯಾಗಿದ್ದ ಲೇನಾ, ಎರಡು ವರ್ಷದ ನಂತರ, 1986ರಲ್ಲಿ, ಬರ್ಗ್‌ಮನ್ ಡ್ರಾಮಾಟೆನ್‌ನಲ್ಲಿ ಆಡಿಸಿದ ಅದೇ ನಾಟಕದಲ್ಲಿ ನಿಜವಾಗಿಯೂ ಇಂದ್ರನ ಮಗಳಾದರು.

ಇದಾದ ಮೇಲೆ ಹಾಲಿವುಡ್. 1988ರಲ್ಲಿ ಫಿಲಿಪ್ ಕೌಫ್‌ಮನ್ ನಿರ್ದೇಶನದ 'ದಿ ಅನ್‌ಬೇರಬಲ್ ಲೈಟ್‌ನೆಸ್ ಆಫ್ ಬೀಯಿಂಗ್'. ಮಿಲನ್ ಕುಂದೇರಾ ಕಾದಂಬರಿ ಆಧರಿಸಿದ್ದು, 1968ರಲ್ಲಿ ಸೋವಿಯತ್ ಟ್ಯಾಂಕ್‌ಗಳು ಪ್ರಾಗ್‌ಗೆ ನುಗ್ಗಿದ ಕಾಲದ ಕಥೆ. ಡೇನಿಯಲ್ ಡೇ-ಲೂಯಿಸ್ ಡಾಕ್ಟರ್, ಜೂಲಿಯೆಟ್ ಬಿನೋಶ್ ಅವನ ಹೆಂಡತಿ ತೆರೆಜಾ, ಲೇನಾ ಅವನ ಗೆಳತಿ, ಚಿತ್ರಕಲಾವಿದೆ ಸಬೀನಾ. ಒಂದು ಹಳೆಯ ಬೌಲರ್ ಹ್ಯಾಟ್ ಅವಳ ಗುರುತು. ತೆರೆಜಾ ಕ್ಯಾಮೆರಾ ಹಿಡಿದು ಸಬೀನಾಳ ಫೋಟೊ ತೆಗೆಯುವ ದೃಶ್ಯವೊಂದಿದೆ. ಹೆಂಡತಿ, ಪ್ರೇಯಸಿ ಎದುರುಬದುರು. ಮೊದಲು ಮುಜುಗರ. ಆಮೇಲೆ ಸಬೀನಾ ತಾನೇ ಕ್ಯಾಮೆರಾ ತೆಗೆದುಕೊಂಡು, ಈಗ ನಿನ್ನ ಸರದಿ ಅನ್ನುವ ಹಾಗೆ, ತೆರೆಜಾ ಕಡೆಗೆ ತಿರುಗಿಸುತ್ತಾಳೆ. ಇಬ್ಬರೂ ನಗುತ್ತಾರೆ. ಬಟ್ಟೆಯಿಲ್ಲದ ದೃಶ್ಯ ಅಂತ ಜನ ಮಾತಾಡಿಕೊಂಡದ್ದೇ ಜಾಸ್ತಿ. ನೋಡಬೇಕಾದದ್ದು ಇಬ್ಬರ ನಡುವೆ ಯಾರ ಕೈ ಮೇಲಾಗುತ್ತದೆ ಅನ್ನುವುದು ಹೇಗೆ ಅತ್ತಿತ್ತ ಆಗುತ್ತದೆ ಅನ್ನುವುದನ್ನು.

ಹಾಲಿವುಡ್ ಅಂದೆ, ಆದರೆ ಆ ಸೆಟ್‌ನಲ್ಲಿ ಆಕೆ ಒಂಟಿ ಪರದೇಶಿಯಾಗಿರಲಿಲ್ಲ. ಛಾಯಾಗ್ರಾಹಕ ಸ್ವೆನ್ ನೀಕ್ವಿಸ್ಟ್, 'ಆಫ್ಟರ್ ದಿ ರಿಹರ್ಸಲ್' ತೆಗೆದವರೇ. ಎರ್ಲಂಡ್ ಯೋಸೆಫ್‌ಸನ್ ಒಂದು ಸಣ್ಣ ಪಾತ್ರದಲ್ಲಿದ್ದಾರೆ. ಡ್ರಾಮಾಟೆನ್‌ನ ಇನ್ನೊಬ್ಬ ನಟ ಸ್ಟೆಲ್ಲಾನ್ ಸ್ಕಾರ್ಸ್‌ಗಾರ್ಡ್ ಕೂಡ. ಸ್ಟಾಕ್‌ಹೋಮ್ ತಂಡದ ಒಂದು ತುಂಡು ಬೇರೆ ಊರಿಗೆ ಬಂದಂತಿತ್ತು. ಈ ಚಿತ್ರದಿಂದ ಆಕೆಗೆ ಗೋಲ್ಡನ್ ಗ್ಲೋಬ್ ನಾಮನಿರ್ದೇಶನ ಬಂತು.

ಮರುವರ್ಷ, 1989ರಲ್ಲಿ, ಪಾಲ್ ಮಜರ್ಸ್ಕಿಯವರ 'ಎನಿಮೀಸ್, ಎ ಲವ್ ಸ್ಟೋರಿ'. ಐಸಾಕ್ ಬಾಶೆವಿಸ್ ಸಿಂಗರ್ ಕಾದಂಬರಿ. 1949ರ ನ್ಯೂಯಾರ್ಕ್. ನಾಜಿಗಳಿಂದ ಬದುಕಿ ಉಳಿದ ಯಹೂದಿ ಗಂಡಸೊಬ್ಬ ಮೂವರು ಹೆಂಗಸರ ನಡುವೆ ಸಿಕ್ಕಿಬಿದ್ದಿದ್ದಾನೆ. ಪ್ರಾಣ ಉಳಿಸಿದ ಕೆಲಸದಾಕೆಯನ್ನು ಮದುವೆಯಾಗಿದ್ದಾನೆ. ಸತ್ತಳು ಅಂದುಕೊಂಡಿದ್ದ ಮೊದಲ ಹೆಂಡತಿ ಬದುಕಿ ಬರುತ್ತಾಳೆ. ಇವರಿಬ್ಬರ ಮಧ್ಯೆ ಪ್ರೇಯಸಿ ಮಾಶಾ. ಮಾಶಾ ಲೇನಾ ಅವರದು. ಅವಳೂ ನಾಜಿಗಳ ಸೆರೆ ಕ್ಯಾಂಪ್‌ನಿಂದ ಬದುಕಿ ಬಂದವಳು, ಬ್ರಾಂಕ್ಸ್‌ನಲ್ಲಿ ಮುದಿ ತಾಯಿಯ ಜತೆ ಇರುತ್ತಾಳೆ. ಈ ಗಳಿಗೆ ನಗುತ್ತಾಳೆ, ಮುದ್ದಾಡುತ್ತಾಳೆ. ಮರುಗಳಿಗೆ ಯಾರ ಕೈಗೂ ಸಿಗದ ಹಾಗೆ ಕತ್ತಲಿಗೆ ಇಳಿದುಬಿಡುತ್ತಾಳೆ. ಬದುಕಿದ್ದೇನೆ ಅನ್ನುವುದೇ ಅವಳಿಗೆ ಒಂದು ಅಪರಾಧ. ಸಬೀನಾಳಿಗೆ ಹೆಸರು ಜಾಸ್ತಿ. ಆದರೆ ಲೇನಾ ಅವರ ಅತ್ಯುತ್ತಮ ನಟನೆ ಮಾಶಾ ಅಂತಲೇ ನನ್ನ ಮತ. ನ್ಯೂಯಾರ್ಕ್ ವಿಮರ್ಶಕರ ಕೂಟ ಆ ವರ್ಷದ ಪೋಷಕ ನಟಿ ಪ್ರಶಸ್ತಿ ಕೊಟ್ಟಿತು. ಆಸ್ಕರ್‌ಗೂ ನಾಮನಿರ್ದೇಶನವಾಯಿತು, ಅದೇ ಚಿತ್ರದ ಅಂಜೆಲಿಕಾ ಹ್ಯೂಸ್ಟನ್ ಜತೆಗೆ. ಗೆದ್ದದ್ದು 'ಮೈ ಲೆಫ್ಟ್ ಫುಟ್' ಚಿತ್ರದ ಬ್ರೆಂಡಾ ಫ್ರಿಕರ್.

ಈಗ ಸೋತ ಸಿನಿಮಾ. 1990ರ 'ಹವಾನಾ'. ನಿರ್ದೇಶಕ ಸಿಡ್ನಿ ಪೊಲಾಕ್, ನಾಯಕ ರೆಡ್‌ಫೋರ್ಡ್, ಕ್ಯೂಬಾ ಕ್ರಾಂತಿಯ ಹಿನ್ನೆಲೆ. ಎಲ್ಲ ಇದ್ದೂ ಬಾಕ್ಸ್ ಆಫೀಸ್‌ನಲ್ಲಿ ಮಕಾಡೆ ಮಲಗಿತು. ಲೇನಾ ಕೆಟ್ಟದಾಗೇನೂ ನಟಿಸಿಲ್ಲ. ಆದರೆ ಆ ಪಾತ್ರದಲ್ಲಿ ಮಾಡುವುದಕ್ಕೇ ಏನೂ ಇಲ್ಲ. ನಾಯಕ ಮನಸ್ಸು ಬದಲಿಸಿಕೊಳ್ಳಬೇಕು, ಅದಕ್ಕೊಬ್ಬ ಸುಂದರಿ ಬೇಕು, ಅಷ್ಟೇ. ಹಾಲಿವುಡ್ ಕಥೆಗಳಲ್ಲಿ ನಾಯಕಿ ಅನ್ನುವ ದೊಡ್ಡ ಹೆಸರಿನ ಒಳಗೆ ಎಷ್ಟೋ ಸಲ ಇಷ್ಟೇ ಇರುತ್ತದೆ. ಮಾಶಾ ಪೋಷಕ ಪಾತ್ರ. ಆದರೆ ಅವಳಿಗೆ ಇಡೀ ಒಂದು ಬದುಕಿದೆ. ಇವೆರಡನ್ನು ಪಕ್ಕಪಕ್ಕ ಇಟ್ಟರೆ ಯಾವುದು ಬಡ್ತಿ, ಯಾವುದು ಹಿಂಬಡ್ತಿ?

ಹಾಲಿವುಡ್‌ಗೆ ಆಕೆಯ ವಿಷಯದಲ್ಲಿ ಇನ್ನೊಂದು ತೊಡಕಿತ್ತು, ಉಚ್ಚಾರಣೆ. ಆಕೆಯ ಇಂಗ್ಲಿಷ್‌ನಲ್ಲಿ ಯುರೋಪಿನ ವಾಸನೆ ಇದೆ. ಅಮೆರಿಕದ ನಿರ್ಮಾಪಕರಿಗೆ ಯುರೋಪ್ ಅಂದರೆ ಎಲ್ಲ ಒಂದೇ. ಹಾಗಾಗಿ ಆಕೆ ಜೆಕ್ ಆದರು, ಪೋಲೆಂಡಿನ ಯಹೂದಿಯಾದರು, ರಷ್ಯನ್ ಮಾಫಿಯಾದವಳಾದರು, ಫ್ರೆಂಚ್ ಹಳ್ಳಿಯವಳಾದರು, ಕೆಜಿಬಿ ಏಜೆಂಟ್ ಆದರು. ಒಂದು ಕಡೆಯಿಂದ ನೋಡಿದರೆ ಇದು ಸಣ್ಣ ಡಬ್ಬಿಯೊಳಗೆ ಕೂಡಿಹಾಕಿದಂತೆ. ಆದರೆ ಆ ಡಬ್ಬಿಯೊಳಗೂ ಆಕೆ ಮಜಾ ಮಾಡಿದ್ದಾರೆ. 1993ರ 'ರೋಮಿಯೊ ಈಸ್ ಬ್ಲೀಡಿಂಗ್' ನೋಡಿ. ಗ್ಯಾರಿ ಓಲ್ಡ್‌ಮನ್ ಭ್ರಷ್ಟ ಪೊಲೀಸ್, ಲೇನಾ ಬಾಡಿಗೆ ಕೊಲೆಗಾರ್ತಿ ಮೋನಾ. ಬೇಡಿ ಹಾಕಿ ಕಾರಿನ ಹಿಂದೆ ಕೂರಿಸಿಕೊಂಡು ಹೋಗುತ್ತಿದ್ದರೆ, ಕಾಲಲ್ಲೇ ಡ್ರೈವರ್‌ನ ಕತ್ತು ಹಿಸುಕಿ, ಒಡೆದ ಗಾಜಿನಿಂದ ಹೊರಗೆ ತೂರಿಕೊಂಡು ಹೋಗುತ್ತಾಳೆ, ನಗುತ್ತಾ! ಸಿನಿಮಾ ಹದ ತಪ್ಪಿದೆ, ನಿಜ. ಆದರೆ ಆ ನಗು ಅಂಜಿಕೆಯಿರುವ ನಟಿಗೆ ಬರುವಂಥದ್ದಲ್ಲ. ದೊಡ್ಡ ಸಭಾಂಗಣದ ಕೊನೆಯ ಸಾಲಿಗೆ ಮುಟ್ಟುವ ಹಾಗೆ ನಟಿಸಿ ಗೊತ್ತಿರುವವರಿಗೆ ಬರುವಂಥದ್ದು.

ಈ ನಡುವೆ ರಂಗಭೂಮಿ ನಿಂತಿತ್ತು ಅಂದುಕೊಳ್ಳಬೇಡಿ. 'ಹವಾನಾ' ಬಂದ ಮರುವರ್ಷವೇ, 1991ರಲ್ಲಿ, ಡ್ರಾಮಾಟೆನ್ ತಂಡ ನ್ಯೂಯಾರ್ಕಿನ ಬ್ರೂಕ್ಲಿನ್ ಅಕಾಡೆಮಿ ಆಫ್ ಮ್ಯೂಸಿಕ್‌ಗೆ ಬಂತು. ಬರ್ಗ್‌ಮನ್ ನಿರ್ದೇಶನದ 'ಮಿಸ್ ಜೂಲಿ', ಮತ್ತೆ ಸ್ಟ್ರಿಂಡ್‌ಬರ್ಗ್. ಜಮೀನ್ದಾರನ ಮಗಳು ಜೂಲಿಯಾಗಿ ಲೇನಾ, ಆಳು ಯಾನ್ ಆಗಿ ಪೀಟರ್ ಸ್ಟೋರ್‌ಮಾರೆ. ನಾಟಕ ಸ್ವೀಡಿಷ್ ಭಾಷೆಯಲ್ಲೇ. ರೆಡ್‌ಫೋರ್ಡ್ ನಾಯಕಿ ಅಮೆರಿಕದಲ್ಲೇ ಬಂದು ಸ್ವೀಡಿಷ್ ನಾಟಕ ಆಡಿ ಹೋದರು. ಸೋತು ಮನೆಗೆ ಹೋದವರು ಹೀಗೆ ಮಾಡುವುದಿಲ್ಲ.

1994ರಲ್ಲಿ ಆಕೆ ನಿರ್ದೇಶಕ ಲಾಸ್ಸೆ ಹಾಲ್‌ಸ್ಟ್ರೋಮ್ ಅವರನ್ನು ಮದುವೆಯಾದರು. ಡ್ರಾಮಾಟೆನ್ ತಂಡದ ಅಧ್ಯಾಯ ಮುಗಿದದ್ದೂ ಆ ವರ್ಷವೇ. ಮರುವರ್ಷ ಮಗಳು ತೋರಾ ಹುಟ್ಟಿದಳು. ನಟ ಉರ್ಯಾನ್ ರಾಂಬರ್ಗ್ ಅವರೊಂದಿಗಿನ ಹಿಂದಿನ ಸಂಬಂಧದಿಂದ ಮಗ ಆಗಸ್ಟ್ ಇದ್ದ. ತೊಂಬತ್ತರ ದಶಕದ ಉಳಿದ ಚಿತ್ರಗಳಲ್ಲಿ ಲೂಮೆಟ್‌ರ 'ನೈಟ್ ಫಾಲ್ಸ್ ಆನ್ ಮ್ಯಾನ್‌ಹಟನ್', ಪೊಲಾನ್‌ಸ್ಕಿಯ 'ದಿ ನೈನ್ತ್ ಗೇಟ್' ಹೆಸರಿಸಿದರೆ ಸಾಕು.

2000ದಲ್ಲಿ ಗಂಡನ ನಿರ್ದೇಶನದಲ್ಲೇ 'ಶೊಕೊಲಾ'. ಈ ಚಿತ್ರದ ನಟರ ಪಟ್ಟಿ ಹಳೆಯ ಸ್ನೇಹಿತರ ಕೂಟದ ಥರ ಇದೆ. ಚಾಕೊಲೇಟ್ ಅಂಗಡಿ ತೆರೆಯುವ ನಾಯಕಿ ಜೂಲಿಯೆಟ್ ಬಿನೋಶ್, ಹಿಂದೆ ತೆರೆಜಾ ಆಗಿದ್ದವರು. ಲೇನಾ ಗಂಡನಿಂದ ಹೊಡೆಸಿಕೊಳ್ಳುವ ಜೋಸೆಫೀನ್. ಆ ಹೊಡೆಯುವ ಗಂಡ ಯಾರು? ಪೀಟರ್ ಸ್ಟೋರ್‌ಮಾರೆ, ಬ್ರೂಕ್ಲಿನ್‌ನಲ್ಲಿ ಯಾನ್ ಆಗಿದ್ದವರು. ಮೊದಮೊದಲು ಜೋಸೆಫೀನ್ ಬೆನ್ನು ಬಾಗಿಸಿಕೊಂಡು, ಕಣ್ಣು ತಪ್ಪಿಸಿಕೊಂಡು ಓಡಾಡುತ್ತಾಳೆ, ಅಂಗಡಿಯಲ್ಲಿ ಸಣ್ಣಪುಟ್ಟದ್ದು ಕದಿಯುತ್ತಾಳೆ. ಊರಿನವರು ತಲೆಕೆಟ್ಟವಳು ಅಂದುಕೊಂಡಿದ್ದಾರೆ. ಚಾಕೊಲೇಟ್ ಮಾಡುವುದನ್ನು ಕಲಿಯುತ್ತಾ ಕಲಿಯುತ್ತಾ ಅವಳ ಬೆನ್ನು ನೆಟ್ಟಗಾಗುತ್ತದೆ. ಒಂದು ರಾತ್ರಿ ಗಂಡ ಅಂಗಡಿಗೆ ನುಗ್ಗಿ ಗಲಾಟೆ ಮಾಡಿದಾಗ ಬಾಣಲೆ ಎತ್ತಿ ಅವನ ತಲೆಗೆ ಬಿಗಿಯುತ್ತಾಳೆ. ಚಿತ್ರ ಬಿನೋಶ್ ಹೆಸರಿನಲ್ಲಿದೆ, ಸರಿ. ಆದರೆ ಶುರುವಿನಿಂದ ಕೊನೆಯವರೆಗೆ ಹೆಚ್ಚು ದೂರ ನಡೆಯುವ ಪಾತ್ರ ಜೋಸೆಫೀನ್. ಬ್ರಿಟನ್ನಿನ ಸಿನಿಮಾ ಪ್ರಶಸ್ತಿ ಬಾಫ್ಟಾಗೆ ನಾಮನಿರ್ದೇಶನ ಬಂದದ್ದರಲ್ಲಿ ಆಶ್ಚರ್ಯವಿಲ್ಲ.

ಟಿವಿಗೆ ಆಕೆ ಬಂದದ್ದು ದೊಡ್ಡ ನಟರೆಲ್ಲ ಟಿವಿ ಕಡೆ ಮುಖ ಮಾಡುವುದಕ್ಕೆ ಮುಂಚೆಯೇ. 2002ರಲ್ಲಿ 'ಏಲಿಯಸ್' ಸೀರಿಯಲ್‌ನ ಎರಡನೇ ಸೀಸನ್‌ನಲ್ಲಿ ಐರೀನಾ ಡೆರೆವ್ಕೊ, ನಾಯಕಿಯ ತಾಯಿ. ಸತ್ತಳು ಅಂದುಕೊಂಡಿದ್ದ ತಾಯಿ ಬದುಕಿದ್ದಾಳೆ, ಅದೂ ಕೆಜಿಬಿ ಏಜೆಂಟ್ ಆಗಿ. ಗಾಜಿನ ಸೆರೆಕೋಣೆಯೊಳಗೆ ನಿಂತು ಮಗಳ ಜತೆ ಮಾತಾಡುವ ದೃಶ್ಯಗಳಲ್ಲಿ ಇವಳು ಮಗಳನ್ನು ಪ್ರೀತಿಸುತ್ತಾಳಾ, ಬಳಸಿಕೊಳ್ಳುತ್ತಿದ್ದಾಳಾ ಅಂತ ಕೊನೆಗೂ ತಿಳಿಯುವುದಿಲ್ಲ. ಅಮೆರಿಕದ ಟಿವಿ ಪ್ರಶಸ್ತಿ ಎಮಿಗೆ ನಾಮನಿರ್ದೇಶನ ಬಂತು. ಮೂರನೇ ಸೀಸನ್‌ನಲ್ಲಿ ಆಕೆ ತೆರೆಯ ಮೇಲೆ ಇಲ್ಲ. ಆ ಖಾಲಿ ಜಾಗ ಎದ್ದು ಕಾಣುತ್ತದೆ. ಕೊನೆಯಲ್ಲಿ ಮತ್ತೆ ಬಂದರು.

2008ರ 'ದಿ ರೀಡರ್' ಚಿತ್ರದಲ್ಲಿ ಆಕೆಗಿರುವುದು ಕೆಲವೇ ನಿಮಿಷ, ಆದರೆ ಎರಡು ಪಾತ್ರ. 1960ರ ದಶಕದ ನ್ಯಾಯಾಲಯದಲ್ಲಿ ಸಾಕ್ಷಿ ಹೇಳುವ ಕ್ಯಾಂಪ್‌ನ ತಾಯಿ ಆಕೆ. ಎಷ್ಟೋ ವರ್ಷದ ನಂತರ ನ್ಯೂಯಾರ್ಕಿನಲ್ಲಿರುವ ಅದೇ ತಾಯಿಯ ಮಗಳೂ ಆಕೆಯೇ. ನಾಜಿ ಕ್ಯಾಂಪ್‌ನ ಕಾವಲುಗಾರ್ತಿಯಾಗಿದ್ದ ಕೇಟ್ ವಿನ್ಸ್‌ಲೆಟ್ ಪಾತ್ರದ ಬಗ್ಗೆ ಪ್ರೇಕ್ಷಕರಿಗೆ ಅಷ್ಟು ಹೊತ್ತಿಗೆ ಕನಿಕರ ಹುಟ್ಟಿರುತ್ತದೆ. ಅವಳ ಹಳೆಯ ಪ್ರೇಮಿ, ರೇಫ್ ಫೈನ್ಸ್, ಅವಳ ಒಂದು ಹಳೆಯ ಟೀ ಡಬ್ಬಿ, ಅದರಲ್ಲಿ ದುಡ್ಡು ಹಿಡಿದು ಮಗಳ ಮನೆಗೆ ಬರುತ್ತಾನೆ, ಕ್ಷಮೆಯಂಥದ್ದೇನಾದರೂ ಸಿಗಬಹುದು ಅಂತ. ಅವಳು ದನಿ ಏರಿಸುವುದಿಲ್ಲ. ಕ್ಯಾಂಪ್‌ಗಳಿಂದ ಕಲಿಯುವುದು ಏನೂ ಇಲ್ಲ ಅಂತ ಹೇಳುತ್ತಾಳೆ. ದುಡ್ಡು ಬೇಡ ಅನ್ನುತ್ತಾಳೆ, ಡಬ್ಬಿ ಇಟ್ಟುಕೊಳ್ಳುತ್ತಾಳೆ. ಅಷ್ಟೇ ದೃಶ್ಯ. ಪ್ರೇಕ್ಷಕರ ಕನಿಕರವನ್ನು ಅಷ್ಟರಲ್ಲೇ ತಿದ್ದಿಬಿಡುತ್ತದೆ. ಇಂಥ ಪಾತ್ರಕ್ಕೆ ನಾಯಕಿ ದರ್ಜೆಯ ನಟಿ ಬೇಕು, ಆದರೆ ನಾನು ನಾಯಕಿ ಅನ್ನುವ ಗತ್ತು ಇರಬಾರದು. ಡ್ರಾಮಾಟೆನ್‌ನ ಸರದಿ ಪದ್ಧತಿ ತಯಾರು ಮಾಡುವುದು ಇಂಥವರನ್ನೇ.

ಅಲ್ಲಿಂದೀಚೆಗೆ ಕೆಲಸ ನಿಂತಿಲ್ಲ. 2014ರಲ್ಲಿ ಶುರುವಾದ 'ವೆಲ್‌ಕಮ್ ಟು ಸ್ವೀಡನ್' ಕಾಮಿಡಿಯಲ್ಲಿ ಅಮೆರಿಕದ ಅಳಿಯನನ್ನು ಅಳೆದು ತೂಗುವ ಸ್ವೀಡಿಷ್ ಅತ್ತೆ. ಆಕೆಗೆ ಕಾಮಿಡಿ ಇಷ್ಟು ಚೆನ್ನಾಗಿ ಬರುತ್ತದೆ ಅಂತ ಹಾಲಿವುಡ್‌ಗೆ ಮೊದಲೇ ಹೊಳೆದಿದ್ದರೆ! 2019ರ 'ದಿ ಆರ್ಟಿಸ್ಟ್ಸ್ ವೈಫ್' ಚಿತ್ರದಲ್ಲಿ ಮಾತ್ರ ಅಪ್ಪಟ ಮುಖ್ಯ ಪಾತ್ರ. ಗಂಡ ದೊಡ್ಡ ಚಿತ್ರಕಾರ, ಮರೆವಿನ ಕಾಯಿಲೆ. ಅವನಿಗಾಗಿ ತನ್ನ ಕುಂಚ ಕೆಳಗಿಟ್ಟ ಹೆಂಡತಿ ಅದನ್ನು ಮತ್ತೆ ಕೈಗೆತ್ತಿಕೊಳ್ಳುವ ಕಥೆ.

2022ರ 'ಹಿಲ್ಮಾ' ಪೂರ್ತಿ ಮನೆಯವರ ಸಿನಿಮಾ. ಸ್ವೀಡನ್ನಿನ ಅಮೂರ್ತ ಚಿತ್ರಕಲಾವಿದೆ ಹಿಲ್ಮಾ ಅಫ್ ಕ್ಲಿಂಟ್ ಜೀವನ. ನಿರ್ದೇಶನ ಲಾಸ್ಸೆ ಹಾಲ್‌ಸ್ಟ್ರೋಮ್. ಯುವತಿ ಹಿಲ್ಮಾ ಮಗಳು ತೋರಾ, ವಯಸ್ಸಾದ ಹಿಲ್ಮಾ ಲೇನಾ. ತಾಯಿ ಮಗಳು ಒಂದೇ ಪಾತ್ರವನ್ನು ಹಂಚಿಕೊಂಡಿದ್ದಾರೆ. ಸಿನಿಮಾ ಸ್ವಲ್ಪ ಜಾಸ್ತಿಯೇ ಅಂದವಾಗಿದೆ ಅಂತ ನನಗನ್ನಿಸಿತು, ಹಿಲ್ಮಾ ಚಿತ್ರಗಳಲ್ಲಿರುವ ಹುಚ್ಚು ಇದರಲ್ಲಿ ಇಲ್ಲ. ಆದರೆ ಸ್ಟಿಗ್ ಓಲಿನ್, ಲೇನಾ, ತೋರಾ ಅಂತ ಮೂರು ತಲೆಮಾರನ್ನು ಸಾಲಾಗಿ ನೋಡುವ ಕುತೂಹಲ ಇದ್ದವರು ತಪ್ಪಿಸಬಾರದು.

ಎಲ್ಲಿಂದ ನೋಡಲು ಶುರು ಮಾಡಬೇಕು ಅಂತ ಕೇಳಿದರೆ, ಮೊದಲು 'ಎನಿಮೀಸ್'. ಅದು ಹಿಡಿಸಿದರೆ 'ಆಫ್ಟರ್ ದಿ ರಿಹರ್ಸಲ್'. ಇದಕ್ಕೆ ತಾಳ್ಮೆ ಬೇಕು, ಮಾತೇ ಎಲ್ಲ, ಹಾಗಾಗಿ ಮೊದಲಿಗೇ ಬೇಡ. ಆಮೇಲೆ 'ದಿ ರೀಡರ್'. 'ಶೊಕೊಲಾ' ಮನೆಮಂದಿಯೆಲ್ಲ ಕೂತು ನೋಡಬಹುದು. 'ಅನ್‌ಬೇರಬಲ್ ಲೈಟ್‌ನೆಸ್' ಮನೆಮಂದಿ ಜತೆ ಖಂಡಿತ ಬೇಡ. ಎಲ್ಲರೂ ಮಲಗಿದ ಮೇಲೆ ಹಾಕಿಕೊಳ್ಳಿ, ಮೂರು ಗಂಟೆಗೆ ಹತ್ತಿರದ ಸಿನಿಮಾ.